ತರುಣರ ಬೇಡಿಕೆಯೂ ನಾಡಿನ ರೂಪವೂ: ವಿಶಾಖಪಟ್ಟಣ, ವಿಜಯವಾಡಗಳ ನಿದರ್ಶನ

ಇಂದಿನ ತರುಣರೇ ನಾಳಿನ ಸಮಾಜವನ್ನು ಕಟ್ಟುವವರೆಂಬ ಮಾತು ಸಭೆ ಸಮಾರಂಭಗಳಲ್ಲಿ ಬಳಕೆಯಾಗಿ ಬಳಕೆಯಾಗಿ ಸವೆದುಹೋಗಿದೆ. ಆದರೆ ಅವರು ಅದನ್ನು ಕಟ್ಟುವ ಬಗೆ ಯಾವುದು, ಅವರು ಬೇಡಿದುದು ಎಷ್ಟು ಕಾಲದ ಮೇಲೆ ಯಾರ ಕೈ ಸೇರುತ್ತದೆ ಎಂಬುದನ್ನು ನಿದರ್ಶನಸಹಿತವಾಗಿ ವಿಚಾರಿಸುವುದು ವಿರಳ. ಆಂಧ್ರಪ್ರದೇಶದ ವಿಶಾಖಪಟ್ಟಣ, ವಿಜಯವಾಡಗಳೆಂಬ ಎರಡು ನಗರಗಳು ಇಂತಹ ವಿಚಾರಕ್ಕೆ ತಕ್ಕ ಕ್ಷೇತ್ರಗಳಾಗಿವೆ. ಬ್ಯಾಂಕು, ರೈಲ್ವೆ, ಹೋಟೆಲು ಮುಂತಾದ ಉದ್ಯೋಗಗಳ ನಿಮಿತ್ತ ಹೊರನಾಡಿನಲ್ಲಿ ನೆಲೆಸಿದ ಕನ್ನಡಿಗರಿಗೆ ಈ ಚರಿತ್ರೆ ಪರಕೀಯವಾದುದಲ್ಲ. ಏಕೆಂದರೆ ಇದರ ಎಳೆಗಳು ಎರಡು ಕಡೆ ಬಳ್ಳಾರಿಯ ನೆಲವನ್ನು ಮುಟ್ಟುತ್ತವೆ.

ಮೊದಲು ಈ ನಗರಗಳಲ್ಲಿ ವಿದ್ಯಾವಂತ ತರುಣರ ಸಮುದಾಯವೊಂದು ಒಟ್ಟುಗೂಡಿದ ಬಗೆಯನ್ನು ನೋಡಬೇಕು. ಆಂಧ್ರ ವಿಶ್ವವಿದ್ಯಾಲಯವು 1926ರಲ್ಲಿ ಸ್ಥಾಪಿತವಾದಾಗ ಅದರ ಕೇಂದ್ರಸ್ಥಾನ ಬೆಜವಾಡ, ಎಂದರೆ ಇಂದಿನ ವಿಜಯವಾಡ. 1930ರಲ್ಲಿ ಅದು ವಿಶಾಖಪಟ್ಟಣದ ವಾಲ್ತೇರಿಗೆ ಸ್ಥಳಾಂತರಗೊಂಡಿತು. ಅದರ ಮೊದಲ ಉಪಕುಲಪತಿ ಕಟ್ಟಮಂಚಿ ರಾಮಲಿಂಗಾ ರೆಡ್ಡಿಯವರು ಅದಕ್ಕೆ ಮುಂಚೆ ಮೈಸೂರು ಸಂಸ್ಥಾನದ ವಿದ್ಯಾಭ್ಯಾಸ ಇಲಾಖೆಯಲ್ಲಿ ಅಧಿಕಾರಿಗಳಾಗಿದ್ದವರು. 1931ರಿಂದ 1936ರವರೆಗೆ ಆ ಸ್ಥಾನದಲ್ಲಿದ್ದ ಸರ್ವೇಪಲ್ಲಿ ರಾಧಾಕೃಷ್ಣನ್ ಅವರು ಮೈಸೂರಿನಲ್ಲಿ ತತ್ತ್ವಶಾಸ್ತ್ರದ ಪ್ರಾಧ್ಯಾಪಕರಾಗಿದ್ದವರು. ವಿಜಯವಾಡದ ಸ್ಥಿತಿ ಬೇರೆ. ಅದು ರೈಲುದಾರಿಗಳು ಕೂಡುವ ಊರು, ಕೃಷ್ಣಾ ನದಿಯ ಅಣೆಕಟ್ಟಿನಿಂದ ಹತ್ತೊಂಬತ್ತನೆಯ ಶತಮಾನದ ನಡುಗಾಲದಿಂದಲೂ ನೀರುಂಡ ಮುಖಜಭೂಮಿಯ ಪೇಟೆ. ಬೇಸಾಯದಲ್ಲಿ ಮಿಕ್ಕ ಹಣ ಅಲ್ಲಿ ವ್ಯಾಪಾರ, ಮುದ್ರಣ, ವಿದ್ಯಾಭ್ಯಾಸಗಳಿಗೆ ಹರಿಯಿತು. ಹೀಗೆ ಒಂದೆಡೆ ವಿಶ್ವವಿದ್ಯಾಲಯವೂ ಇನ್ನೊಂದೆಡೆ ರೈತವರ್ಗದ ಸಂಪತ್ತೂ ಪದವೀಧರರನ್ನು ಸೃಷ್ಟಿಸಿದುವು. ಪದವಿಗೆ ತಕ್ಕ ಕೆಲಸಗಳು ಮಾತ್ರ ಅದೇ ವೇಗದಲ್ಲಿ ಹುಟ್ಟಲಿಲ್ಲ. ಮುಂದಿನ ಎರಡು ಚಳವಳಿಗಳ ಮೂಲ ಈ ಅಂತರದಲ್ಲಿದೆ.

ವಿಶಾಖಪಟ್ಟಣದಲ್ಲಿ ಬಂದರು, ಹಡಗುಕಟ್ಟೆ, ತೈಲಶುದ್ಧೀಕರಣ ಕೇಂದ್ರಗಳು 1960ರ ಹೊತ್ತಿಗೆ ನೆಲೆಗೊಂಡಿದ್ದುವು. ದಕ್ಷಿಣದಲ್ಲಿ ಹೊಸದೊಂದು ಉಕ್ಕಿನ ಕಾರ್ಖಾನೆಯನ್ನು ಸ್ಥಾಪಿಸಲು ತಕ್ಕ ಸ್ಥಳ ವಿಶಾಖಪಟ್ಟಣವೇ ಎಂದು ಬ್ರಿಟಿಷ್ ಮತ್ತು ಅಮೆರಿಕನ್ ತಜ್ಞರ ಕೂಟವೊಂದು 1965ರಲ್ಲಿ ಸಲಹೆಯಿತ್ತಿತು. ಆದರೆ ಹಣದ ಮುಗ್ಗಟ್ಟಿನ ಕಾರಣ ಕೇಂದ್ರ ಸರ್ಕಾರವು ನಿರ್ಧಾರವನ್ನು ಮುಂದಕ್ಕೆ ಹಾಕುತ್ತ ಬಂದಿತು. 1966ರ ಅಕ್ಟೋಬರಿನಲ್ಲಿ ಟಿ. ಅಮೃತರಾವ್ ಅವರು ವಿಶಾಖಪಟ್ಟಣದಲ್ಲಿ ಉಪವಾಸ ಹೂಡಿದರು. ತೆನ್ನೇಟಿ ವಿಶ್ವನಾಥಂ ಮೊದಲಾದ ನಾಯಕರು ಪಕ್ಷಭೇದವಿಲ್ಲದೆ ಚಳವಳಿಯ ಮುಂದಾಳುಗಳಾದರು. ಅದಕ್ಕೆ ಬಲವನ್ನೂ ಸಂಖ್ಯೆಯನ್ನೂ ಕೊಟ್ಟವರು ಕಾಲೇಜುಗಳ ವಿದ್ಯಾರ್ಥಿಗಳು. ‘ವಿಶಾಖ ಉಕ್ಕು, ಆಂಧ್ರುಲ ಹಕ್ಕು’ ಎಂಬ ಅವರ ಘೋಷಣೆಗೆ ಕನ್ನಡಿಗರಿಗೆ ಅನುವಾದವೇ ಬೇಡ. ಉಕ್ಕು, ಹಕ್ಕು ಎಂಬೆರಡು ಶಬ್ದಗಳೂ ಉಭಯ ಭಾಷೆಗಳಿಗೆ ಸಮಾನವಾದುವು. 1966ರ ನವೆಂಬರ್ 1ರಂದು ನಗರದಲ್ಲಿ ಪೊಲೀಸರು ಗುಂಡು ಹಾರಿಸಿದರು. ಸತ್ತವರಲ್ಲಿ ವಿದ್ಯಾರ್ಥಿಗಳೂ ಇದ್ದರು. ರಾಜ್ಯದಾದ್ಯಂತ ಈ ಚಳವಳಿಯಲ್ಲಿ ಒಟ್ಟು 32 ಮಂದಿ ಪ್ರಾಣ ತೆತ್ತರೆಂದು ಎಣಿಸುವುದು ರೂಢಿಯಲ್ಲಿದೆ. ಆ ದಿನವೇ ಆಂಧ್ರಪ್ರದೇಶಕ್ಕೂ, ವಿಶಾಲ ಮೈಸೂರು ರಾಜ್ಯಕ್ಕೂ ಹತ್ತು ವರ್ಷ ತುಂಬಿದ ದಿನವಾಗಿದ್ದಿತು. ಭಾಷಾವಾರು ರಾಜ್ಯಗಳು ಕನಸು ಕಂಡವರ ಕೈಯಿಂದ, ಅವುಗಳಲ್ಲಿ ಬದುಕನ್ನು ಹುಡುಕಬೇಕಾದವರ ಕೈಗೆ ದಾಟಿದ ಗಳಿಗೆಯೆಂದು ಅದನ್ನು ತಿಳಿಯಬಹುದು.

ಬೇಡಿಕೆ ಫಲಿಸಿತು, ಆದರೆ ಫಲಿಸಿದ ಕ್ರಮವೇ ಇಲ್ಲಿ ಮುಖ್ಯ. 1970ರ ಏಪ್ರಿಲ್ 17ರಂದು ಪ್ರಧಾನಮಂತ್ರಿ ಇಂದಿರಾ ಗಾಂಧಿಯವರು ಕಾರ್ಖಾನೆಯ ಸ್ಥಾಪನೆಯನ್ನು ಸಂಸತ್ತಿನಲ್ಲಿ ಪ್ರಕಟಿಸಿದರು. 1971ರ ಜನವರಿಯಲ್ಲಿ ಶಂಕುಸ್ಥಾಪನೆ ನಡೆಯಿತು. ರಾಷ್ಟ್ರೀಯ ಇಸ್ಪಾತ್ ನಿಗಮ ಹುಟ್ಟಿದುದು 1982ರಲ್ಲಿ, ಮೊದಲ ಊದುಕುಲುಮೆ ಉರಿದುದು 1990ರಲ್ಲಿ, ಕಾರ್ಖಾನೆ ರಾಷ್ಟ್ರಕ್ಕೆ ಸಮರ್ಪಿತವಾದುದು 1992ರಲ್ಲಿ. 1966ರಲ್ಲಿ ಇಪ್ಪತ್ತರ ಹರೆಯದಲ್ಲಿದ್ದ ವಿದ್ಯಾರ್ಥಿಗೆ ಕುಲುಮೆ ಉರಿಯುವ ಹೊತ್ತಿಗೆ ನಲವತ್ತನಾಲ್ಕು ವರ್ಷ. ಅವನು ಬೇಡಿದ ಕೆಲಸ ಅವನಿಗಲ್ಲ, ಅವನ ಮುಂದಿನವರಿಗೆ ಸಿಕ್ಕಿತು. ಇವರಿಬ್ಬರಲ್ಲದೆ ಮೂರನೆಯ ವರ್ಗವೊಂದಿದೆ: ಸುಮಾರು 22,000 ಎಕರೆ ಭೂಮಿಯನ್ನು ಬಿಟ್ಟುಕೊಟ್ಟ ಅರವತ್ತಕ್ಕೂ ಮೇಲ್ಪಟ್ಟ ಗ್ರಾಮಗಳ ಜನ. ಅವರೆಲ್ಲರಿಗೂ ಕಾರ್ಖಾನೆಯಲ್ಲಿ ಕೆಲಸ ದೊರೆಯಲಿಲ್ಲ. ಅವರ ಮಕ್ಕಳ ಅಹವಾಲು ಮುಂದೆಯೂ ಉಳಿದುಕೊಂಡಿತು. ಬೇಡಿದವರು ಒಬ್ಬರು, ಪಡೆದವರು ಇನ್ನೊಬ್ಬರು, ತೆತ್ತವರು ಮತ್ತೊಬ್ಬರು. ತಾರುಣ್ಯದ ಸಾಧನೆಯನ್ನು ಲೆಕ್ಕ ಹಾಕುವಾಗ ಈ ಮೂರು ಅಂಕಣಗಳನ್ನೂ ತುಂಬದಿದ್ದರೆ ಲೆಕ್ಕ ತಾಳೆಯಾಗದು.

ಬಳ್ಳಾರಿಯ ಎಳೆ ಇಲ್ಲಿ ಮೊದಲ ಬಾರಿ ಕಾಣಿಸುತ್ತದೆ. ಅಂದು ಪ್ರಕಟವಾದ ಕಾರ್ಖಾನೆಗಳು ಮೂರು: ವಿಶಾಖಪಟ್ಟಣ, ಸೇಲಂ ಮತ್ತು ಹೊಸಪೇಟೆ. ಹೊಸಪೇಟೆಯ ಹತ್ತಿರದ ತೋರಣಗಲ್ಲಿನಲ್ಲಿ ವಿಜಯನಗರ ಉಕ್ಕಿನ ಕಾರ್ಖಾನೆಗೆ 1971ರಲ್ಲಿ ಶಂಕುಸ್ಥಾಪನೆಯೂ ಆಯಿತು. ಅದಿರು ಅಲ್ಲಿಯೇ ಇದ್ದಿತು. ಆದರೆ ಸರ್ಕಾರಿ ಕಾರ್ಖಾನೆ ಏಳಲಿಲ್ಲ. ಎರಡು ದಶಕಗಳಿಗೂ ಹೆಚ್ಚು ಕಾಲ ಕಳೆದ ಮೇಲೆ, 1990ರ ದಶಕದಲ್ಲಿ ಜಿಂದಾಲ್ ಸಂಸ್ಥೆ ಅಲ್ಲಿ ಖಾಸಗಿ ಕಾರ್ಖಾನೆಯನ್ನು ಕಟ್ಟಿತು. ಅದು ಇಂದು ದೇಶದ ಅತಿ ದೊಡ್ಡ ಉಕ್ಕಿನ ಕಾರ್ಖಾನೆಗಳಲ್ಲಿ ಒಂದು. ವಿಶಾಖಪಟ್ಟಣಕ್ಕೆ ಕಡಲತೀರವಿದ್ದಿತು, ಸೋವಿಯತ್ ಒಕ್ಕೂಟದ ನೆರವು ದೊರೆಯಿತು. ಆದುದರಿಂದ ಎಲ್ಲವನ್ನೂ ಚಳವಳಿಯ ಲೆಕ್ಕಕ್ಕೇ ಬರೆಯುವುದು ನ್ಯಾಯವಲ್ಲ. ಆದರೂ ಒಂದು ಮಾತು ನಿಜ. ಒಂದು ಊರಿನಲ್ಲಿ ಆ ವಾಗ್ದಾನವನ್ನು ಮರೆಯಲು ಬಿಡದ ಜನರ ನೆನಪಿದ್ದಿತು; ಇನ್ನೊಂದರಲ್ಲಿ ಅದು ಬಹುಕಾಲ ಅಡಿಗಲ್ಲಾಗಿಯೇ ಉಳಿಯಿತು.

ವಿಜಯವಾಡದ ನಿದರ್ಶನದಲ್ಲಿ ಬೇಡಿಕೆಯ ಸ್ವರೂಪವೇ ಬೇರೆ. ಹಿಂದಿನ ಹೈದರಾಬಾದು ಸಂಸ್ಥಾನದಲ್ಲಿ ನಿರ್ದಿಷ್ಟ ಕಾಲ ನೆಲೆಸಿದವರಿಗೇ ಸರ್ಕಾರಿ ನೌಕರಿಯನ್ನು ಮೀಸಲಿಟ್ಟ ‘ಮುಲ್ಕಿ’ ನಿಯಮಗಳು ತೆಲಂಗಾಣದಲ್ಲಿ ಊರ್ಜಿತವೆಂದು ಸರ್ವೋಚ್ಚ ನ್ಯಾಯಾಲಯವು 1972ರ ಅಕ್ಟೋಬರಿನಲ್ಲಿ ತೀರ್ಪಿತ್ತಿತು. ತಮ್ಮ ರಾಜಧಾನಿಯ ಬಾಗಿಲು ತಮಗೇ ಮುಚ್ಚಿತೆಂದು ಕರಾವಳಿಯ ಪದವೀಧರರು ಭಾವಿಸಿದರು. ‘ಜೈ ಆಂಧ್ರ’ ಚಳವಳಿ ಹೀಗೆ ಹುಟ್ಟಿತು. ವಿಜಯವಾಡ ಅದರ ಮುಖ್ಯ ನೆಲೆಗಳಲ್ಲೊಂದಾಯಿತು. ಮುಖ್ಯಮಂತ್ರಿ ಪಿ. ವಿ. ನರಸಿಂಹರಾವ್ ಅವರು ಅಧಿಕಾರ ಬಿಟ್ಟರು. 1973ರ ಜನವರಿಯಲ್ಲಿ ರಾಷ್ಟ್ರಪತಿ ಆಳ್ವಿಕೆ ಜಾರಿಗೆ ಬಂದಿತು. ಪ್ರತ್ಯೇಕ ರಾಜ್ಯ ಮಾತ್ರ ಸಿಕ್ಕಲಿಲ್ಲ.

ಹಾಗೆಂದು ಚಳವಳಿ ನಿಷ್ಫಲವಾಯಿತೆನ್ನುವಂತಿಲ್ಲ. 1973ರ ಸೆಪ್ಟೆಂಬರಿನ ಆರು ಅಂಶಗಳ ಸೂತ್ರವೂ ಅದರ ಹಿಂದೆಯೇ ಬಂದ 32ನೆಯ ತಿದ್ದುಪಡಿಯೂ ಸಂವಿಧಾನಕ್ಕೆ 371ಡಿ ಎಂಬ ವಿಧಿಯನ್ನು ಸೇರಿಸಿದುವು. ನೌಕರಿಯಲ್ಲೂ ಕಾಲೇಜು ಪ್ರವೇಶದಲ್ಲೂ ರಾಜ್ಯದ ಬೇರೆ ಬೇರೆ ಭಾಗಗಳ ಜನರಿಗೆ ನ್ಯಾಯವಾದ ಪಾಲು ದೊರೆಯುವಂತೆ ಏರ್ಪಾಟು ಮಾಡಲು ಅದು ರಾಷ್ಟ್ರಪತಿಗಳಿಗೆ ಅಧಿಕಾರವಿತ್ತಿತು. 1969ರಲ್ಲಿ ತೆಲಂಗಾಣದ ವಿದ್ಯಾರ್ಥಿಗಳೂ 1972ರಲ್ಲಿ ಕರಾವಳಿಯ ವಿದ್ಯಾರ್ಥಿಗಳೂ ಪರಸ್ಪರ ವಿರುದ್ಧವಾಗಿ ಕೂಗಿದ ಕೂಗುಗಳೆರಡೂ ಸೇರಿ ಒಂದು ಕಾನೂನಿನ ವಾಕ್ಯವಾದುವು. ಬಳ್ಳಾರಿಯ ಎರಡನೆಯ ಎಳೆ ಇಲ್ಲಿದೆ. ಹೈದರಾಬಾದ್ ಕರ್ನಾಟಕದ ಜನ ಇದೇ ವಿಧಿಯನ್ನು ಮಾದರಿಯಾಗಿ ಮುಂದಿಟ್ಟು ದೀರ್ಘಕಾಲ ಹೋರಾಡಿದ ಫಲವಾಗಿ 2012ರಲ್ಲಿ ಸಂಸತ್ತು 98ನೆಯ ತಿದ್ದುಪಡಿಯನ್ನು ಅಂಗೀಕರಿಸಿ 371ಜೆ ವಿಧಿಯನ್ನು ಸೇರಿಸಿತು. ಬೀದರ, ಕಲಬುರಗಿ, ರಾಯಚೂರುಗಳ ಜೊತೆಗೆ ಬಳ್ಳಾರಿಯೂ ಅದರ ವ್ಯಾಪ್ತಿಗೆ ಬಂದಿತು. ಇಂದು ಆ ವಿಧಿಯ ಬಲದಿಂದ ವೈದ್ಯಕೀಯ ಕಾಲೇಜಿಗೆ ಸೇರುವ ತೋರಣಗಲ್ಲಿನ ಹುಡುಗಿಗೆ ವಿಜಯವಾಡದ ಬೀದಿಗಳ ಆ ಗದ್ದಲದ ಪರಿಚಯವೇ ಇರಲಾರದು. ಆದರೂ ಅವಳ ಪಾಲಿಗೆ ಬಂದುದರಲ್ಲಿ ಅದರ ಋಣವಿದೆ.

ಮುಂದಿನ ತಲೆಮಾರು ಹಿಂದಿನದರ ಮಾತನ್ನೇ ಆಡಬೇಕೆಂಬ ನಿಯಮವೂ ಇಲ್ಲ. 1972ರಲ್ಲಿ ರಾಜ್ಯದ ವಿಭಜನೆಯನ್ನು ಬೇಡಿದ ಕರಾವಳಿಯೇ 2013ರಲ್ಲಿ ‘ಸಮೈಕ್ಯಾಂಧ್ರ’ವೆಂದು ವಿಭಜನೆಯ ವಿರುದ್ಧ ಬೀದಿಗಿಳಿಯಿತು. ಇದು ಚಂಚಲತೆಯಲ್ಲ. ಆ ನಡುವೆ ಹೈದರಾಬಾದು ತಂತ್ರಾಂಶ ಉದ್ಯಮದ ನಗರವಾಗಿ, ಅವರ ಮಕ್ಕಳ ಅನ್ನದ ಊರಾಗಿದ್ದಿತು. ಎರಡು ಸಲವೂ ತರುಣರು ಕೇಳಿದ ಪ್ರಶ್ನೆ ಒಂದೇ: ನಮಗೆ ಕೆಲಸವೆಲ್ಲಿ? 2014ರ ಜೂನ್ 2ರಂದು ರಾಜ್ಯ ಎರಡಾಯಿತು. ಪ್ರಶ್ನೆ ಹಾಗೆಯೇ ಉಳಿಯಿತು.

ಪಡೆದುದು ಶಾಶ್ವತವೂ ಅಲ್ಲ. ವಿಶಾಖಪಟ್ಟಣದ ಕಾರ್ಖಾನೆಗೆ ಸ್ವಂತದ ಕಬ್ಬಿಣದ ಅದಿರಿನ ಗಣಿ ದೊರೆಯಲಿಲ್ಲ. ಅದಿರನ್ನು ಕೊಂಡು ತರುವ ವೆಚ್ಚವೂ ಸಾಲದ ಬಡ್ಡಿಯೂ ಅದನ್ನು ಜಗ್ಗಿದುವು. 2021ರ ಜನವರಿಯಲ್ಲಿ ಕೇಂದ್ರ ಸಚಿವ ಸಂಪುಟದ ಸಮಿತಿಯು ಅದನ್ನು ಪೂರ್ತಿಯಾಗಿ ಖಾಸಗಿಯವರಿಗೆ ವಹಿಸುವುದಕ್ಕೆ ತಾತ್ತ್ವಿಕ ಒಪ್ಪಿಗೆಯಿತ್ತಾಗ ಕಾರ್ಮಿಕರೂ ನಿರ್ವಸಿತರ ಮಕ್ಕಳೂ ಮತ್ತೆ ಹಳೆಯ ಘೋಷಣೆಯನ್ನೇ ಎತ್ತಿದರು. 2025ರ ಜನವರಿಯಲ್ಲಿ ಕೇಂದ್ರವು ಅದರ ಪುನಶ್ಚೇತನಕ್ಕೆ 11,440 ಕೋಟಿ ರೂಪಾಯಿಗಳ ನೆರವನ್ನು ಮಂಜೂರು ಮಾಡಿತು. ಕಾರ್ಖಾನೆಯನ್ನು ಬೇಡಿದವರು ಗಣಿಯನ್ನೂ ಬೇಡಬೇಕಾಗಿದ್ದಿತೆಂಬ ಟೀಕೆಯಲ್ಲಿ ಸತ್ಯವಿದೆ; ಆದರೆ ಅದು ವಿದ್ಯಾರ್ಥಿಗಳಿಗಿಂತ ಹೆಚ್ಚಾಗಿ ಅವರ ಹಿರಿಯರು ಹೊರಬೇಕಾದ ಟೀಕೆ. ಬೇಡಿಕೆಯನ್ನು ಹುಟ್ಟಿಸುವುದು ತಾರುಣ್ಯದ ಕೆಲಸ. ಅದಕ್ಕೆ ಆಯವ್ಯಯದ ಅಸ್ತಿಭಾರ ಹಾಕುವುದು ಪ್ರೌಢರ ಕೆಲಸ.

ಈಚಿನ ತರುಣರಲ್ಲಿ ಆ ಕಾವಿಲ್ಲವೆಂದು ಹಿರಿಯರು ಆಕ್ಷೇಪಿಸುವುದುಂಟು. ಈ ಆಕ್ಷೇಪಣೆ ಮೇಲ್ನೋಟದ್ದು. ವಿಜಯವಾಡವು ಇಂದು ಪ್ರವೇಶ ಪರೀಕ್ಷೆಗಳಿಗೆ ತರಬೇತಿ ಕೊಡುವ ವಸತಿ ಕಾಲೇಜುಗಳಿಗೆ ಪ್ರಸಿದ್ಧ. ಅಲ್ಲಿ ಓದಿದವರು ಹೈದರಾಬಾದಿಗೂ ಬೆಂಗಳೂರಿಗೂ ಅಮೆರಿಕಕ್ಕೂ ಹೋಗುತ್ತಾರೆ, ತಡವಾಗಿ ಮದುವೆಯಾಗುತ್ತಾರೆ, ಒಂದೆರಡು ಮಕ್ಕಳಿಗೆ ತೃಪ್ತರಾಗುತ್ತಾರೆ. 2019ರಿಂದ 2021ರವರೆಗೆ ನಡೆದ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಒಬ್ಬ ಸ್ತ್ರೀಗೆ ಸರಾಸರಿ ಮಕ್ಕಳು ಆಂಧ್ರಪ್ರದೇಶದಲ್ಲಿ 1.7, ಕರ್ನಾಟಕದಲ್ಲಿಯೂ ಅಷ್ಟೇ. ಜನಸಂಖ್ಯೆ ಸ್ಥಿರವಾಗಿ ನಿಲ್ಲಲು 2.1 ಬೇಕು. ಎರಡಕ್ಕಿಂತ ಹೆಚ್ಚು ಮಕ್ಕಳಿದ್ದವರು ಸ್ಥಳೀಯ ಚುನಾವಣೆಗೆ ನಿಲ್ಲಕೂಡದೆಂಬ ಕಾನೂನನ್ನು ಆಂಧ್ರದ ವಿಧಾನಸಭೆ 2024ರಲ್ಲಿ ರದ್ದುಗೊಳಿಸಿತು. ಗುಂಪು ಕೂಡದೆ, ಘೋಷಣೆ ಕೂಗದೆ, ಮನೆ ಮನೆಯಲ್ಲಿ ತರುಣ ದಂಪತಿಗಳು ತಳೆದ ನಿರ್ಧಾರಗಳು ಶಾಸನವನ್ನೇ ತಿದ್ದಿಸಿದುವು. 1966ರ ಚಳವಳಿಗಿಂತ ಇದರ ಪರಿಣಾಮ ಕಡಿಮೆಯದೇನಲ್ಲ.

ಊರು ಬಿಟ್ಟು ಹೋಗುವುದೂ ಒಂದು ಬೇಡಿಕೆಯೇ. ಬೀದಿಯಲ್ಲಿ ಕೂಗಿದ ಬೇಡಿಕೆಗೆ ಸರ್ಕಾರ ಉತ್ತರ ಕೊಡಲೇಬೇಕಾಗುತ್ತದೆ. ರೈಲು ಹತ್ತಿದ ಬೇಡಿಕೆಗೆ ಯಾರೂ ಉತ್ತರ ಕೊಡಬೇಕಾಗಿಲ್ಲ. ಅಪಾಯವಿರುವುದು ಇಲ್ಲಿ. ಹೊರನಾಡಿನ ಕನ್ನಡಿಗರು ಇದನ್ನು ಅನುಭವದಿಂದ ಬಲ್ಲರು. ತಾವು ಬಿಟ್ಟುಬಂದ ಊರಿನಲ್ಲಿ ತಮ್ಮ ಅಗಲಿಕೆಯನ್ನು ಯಾರೂ ಒಂದು ಪ್ರಶ್ನೆಯೆಂದು ಓದಲಿಲ್ಲ. ಅವರ ಮಕ್ಕಳೂ ಇಂದು ನೆಲೆಸಿದ ಊರನ್ನು ಬಿಟ್ಟು ಮುಂದಿನ ಊರಿಗೆ ಹೊರಟಿದ್ದಾರೆ. ಅವರಿಗೆ ಭಾಷಾಭಿಮಾನವಿಲ್ಲವೆಂದು, ಊರಿನ ಮೋಹವಿಲ್ಲವೆಂದು ದೂರುವ ಮೊದಲು, ಅವರು ಏನನ್ನು ಅರಸಿ ಹೋಗುತ್ತಿದ್ದಾರೆಂದು ಕೇಳುವುದು ಲೇಸು. ಉತ್ತರ ಬಹುಶಃ 1966ರ ಉತ್ತರವೇ ಆಗಿರುತ್ತದೆ: ಕಲಿತ ವಿದ್ಯೆಗೆ ತಕ್ಕ ಕೆಲಸ, ಮಾಡಿದ ಕೆಲಸಕ್ಕೆ ತಕ್ಕ ಗೌರವ. ಆ ಉತ್ತರವನ್ನು ಕಾರ್ಖಾನೆಯಾಗಿಯೋ, ಕಾಲೇಜಾಗಿಯೋ, ಕಾನೂನಾಗಿಯೋ ನಿಲ್ಲಿಸುವ ಹೊಣೆ ಹಿರಿಯರದು. ನಿಂತುದನ್ನು ಕಾಯುವ ಹೊಣೆ ಇನ್ನೂ ಹುಟ್ಟಬೇಕಾದವರದು.