ಅನುವಾದಗೊಳ್ಳದ ಪದ

ಅನುವಾದಕರ ಕಷ್ಟಸುಖಗಳನ್ನು ಕುರಿತು ನಾವು ಸಾಕಷ್ಟು ಚರ್ಚೆ ಮಾಡಿದ್ದೇವೆ. ಛಂದಸ್ಸು ಒಗ್ಗುವುದಿಲ್ಲ, ಗಾದೆ ಒಗ್ಗುವುದಿಲ್ಲ, ಅಲ್ಲಿಯ ಹಿಮ ಇಲ್ಲಿಯ ಬಿಸಿಲಿಗೆ ಬಂದರೆ ಕರಗಿಹೋಗುತ್ತದೆ ಎಂದೆಲ್ಲ ಹೇಳುತ್ತೇವೆ. ಆದರೂ ಸಮರ್ಥನಾದ ಅನುವಾದಕ ಇವಕ್ಕೆಲ್ಲ ಹೇಗೋ ಒಂದು ಪರಿಹಾರವನ್ನು ಕಂಡುಕೊಳ್ಳುತ್ತಾನೆ. ಅವನು ಕೈಚೆಲ್ಲಿ ನಿಲ್ಲುವುದು ಬೇರೊಂದು ಕಡೆ. ಅದು ಹೆಸರಿನ ಎದುರು. ಮರ, ನದಿ, ದುಃಖ, ಕತ್ತಿ ಎಲ್ಲವೂ ಭಾಷೆಯಿಂದ ಭಾಷೆಗೆ ದಾಟುತ್ತವೆ. ರಾಮ ಎಂಬವನು ಮಾತ್ರ ರಾಮನಾಗಿಯೇ ದಾಟಬೇಕು. ಶಾಲೆಯಲ್ಲಿ ನಾವೆಲ್ಲ ಕಲಿತ ವ್ಯಾಕರಣವನ್ನು ಸ್ವಲ್ಪ ನೆನಪಿಸಿಕೊಳ್ಳಿ. ನಾಮಪದಗಳಲ್ಲಿ ರೂಢನಾಮ, ಅಂಕಿತನಾಮ, ಅನ್ವರ್ಥನಾಮ ಎಂದು ಮೂರು ಬಗೆ. ಕುಂಟ, ವ್ಯಾಪಾರಿ, ಯೋಗಿ ಎಂಬಂಥವು ಅರ್ಥಕ್ಕೆ ಅನುಗುಣವಾಗಿ ಬಂದ ಅನ್ವರ್ಥನಾಮಗಳು. ಗುರುತಿಗಾಗಿ ಇಟ್ಟವು ಅಂಕಿತನಾಮಗಳು. ಮೂವತ್ತು ವರ್ಷ ತರಗತಿಯಲ್ಲಿ ಈ ಪಾಠವನ್ನು ಹೇಳಿದ ನನಗೆ ಇವೆರಡರ ನಡುವೆ ಇಷ್ಟು ದೊಡ್ಡ ಕತೆ ಅಡಗಿದೆಯೆಂದು ಹೊಳೆದದ್ದು ನಿವೃತ್ತನಾದ ಮೇಲೆ, ಒಬ್ಬ ಇಂಗ್ಲಿಷ್ ಕವಿಯ ಅನುವಾದವೊಂದನ್ನು ಓದುವಾಗ.

ಆ ಕವಿ ಸೈಮನ್ ಆರ್ಮಿಟೇಜ್. 1963ರಲ್ಲಿ ಯಾರ್ಕ್‌ಷೈರಿನ ಹಡರ್ಸ್‌ಫೀಲ್ಡಿನಲ್ಲಿ ಜನಿಸಿ, ಪೆನೈನ್ ಬೆಟ್ಟಸಾಲಿನ ಮಗ್ಗುಲಿನ ಮಾರ್ಸ್‌ಡನ್ ಎಂಬ ಊರಿನಲ್ಲಿ ಬೆಳೆದವರು. ಓದಿದ್ದು ಭೂಗೋಳಶಾಸ್ತ್ರ. ಅಪರಾಧಿಗಳ ನಡತೆಯ ಮೇಲ್ವಿಚಾರಣೆ ನೋಡುವ ಪ್ರೊಬೇಷನ್ ಅಧಿಕಾರಿಯಾಗಿ 1994ರವರೆಗೆ ದುಡಿದು, ಆಮೇಲೆ ಬರವಣಿಗೆಯನ್ನೇ ನಂಬಿ ಹೊರಟರು. ಮೊದಲ ಸಂಕಲನ ‘ಝೂಮ್!’ 1989ರಲ್ಲಿ ಬಂತು. 2019ರಲ್ಲಿ ಅವರನ್ನು ಬ್ರಿಟನ್ನಿನ ಆಸ್ಥಾನಕವಿಯಾಗಿ ನೇಮಿಸಿದರು. ಅವರ ಸ್ವಂತ ಕವಿತೆಗಳ ವಿಚಾರ ಇನ್ನೊಂದು ದಿನಕ್ಕಿರಲಿ. ನಾನು ಇಲ್ಲಿ ಹೇಳಹೊರಟಿರುವುದು, 14ನೆಯ ಶತಮಾನದ ‘ಸರ್ ಗವೇಯ್ನ್ ಅಂಡ್ ದ ಗ್ರೀನ್ ನೈಟ್’ ಎಂಬ ಕಾವ್ಯವನ್ನು ಅವರು ಇಂದಿನ ಇಂಗ್ಲಿಷಿಗೆ ತಂದು 2007ರಲ್ಲಿ ಪ್ರಕಟಿಸಿದ ಪುಸ್ತಕವನ್ನು ಕುರಿತು.

ಮೊದಲು ಅನುವಾದಕರ ಹೆಸರನ್ನೇ ನೋಡೋಣ. ಆರ್ಮಿಟೇಜ್ ಎಂದರೆ ಹರ್ಮಿಟೇಜ್, ಅರ್ಥಾತ್ ಏಕಾಂತವಾಸಿಯಾದ ಸಾಧುವೊಬ್ಬನ ಪರ್ಣಕುಟಿ. ಫ್ರೆಂಚರಿಂದ ಬಂದ ಪದ. ಅವರ ಬಾಯಲ್ಲಿ ಮೊದಲ ಹಕಾರವಿರಲಿಲ್ಲ. ‘ಎರ್’ ಎಂಬುದು ‘ಆರ್’ ಆಗುವುದು ಆ ಕಾಲದ ಇಂಗ್ಲಿಷಿನಲ್ಲಿ ಸಾಮಾನ್ಯವಾಗಿದ್ದ ಧ್ವನಿವ್ಯತ್ಯಾಸ. ಬರೆಹದವನಾದ ‘ಕ್ಲರ್ಕ್’ ಎಂಬುವನ ಮನೆತನ ‘ಕ್ಲಾರ್ಕ್’ ಆದದ್ದು ಹೀಗೆಯೇ. ಹಡರ್ಸ್‌ಫೀಲ್ಡಿನ ಪಕ್ಕದಲ್ಲಿ ಇಂದಿಗೂ ಆರ್ಮಿಟೇಜ್ ಬ್ರಿಡ್ಜ್ ಎಂಬ ಊರಿದೆ. ಆ ಸೀಮೆಯಲ್ಲಿ ಈ ಅಡ್ಡಹೆಸರಿನವರು ತುಂಬ. ಯಾವ ಕಾಲದಲ್ಲೋ ಅಲ್ಲೊಂದು ಕುಟೀರವಿತ್ತು. ಅದರ ಬಳಿ ವಾಸವಾಗಿದ್ದವನನ್ನು ಜನ ‘ಕುಟೀರದ ಹತ್ತಿರದವನು’ ಎಂದು ಕರೆದರು. ಆಗ ಅದು ಅನ್ವರ್ಥನಾಮ. ಇಂಗ್ಲೆಂಡಿನಲ್ಲಿ 12ರಿಂದ 14ನೆಯ ಶತಮಾನದ ಅವಧಿಯಲ್ಲಿ ಇಂಥ ಗುರುತುಗಳು ತಂದೆಯಿಂದ ಮಗನಿಗೆ ಇಳಿಯತೊಡಗಿದವು. ಮಗ ಊರು ಬಿಟ್ಟರೂ ಹೆಸರು ಅವನನ್ನು ಬಿಡಲಿಲ್ಲ. ಸಾಧು ಹೋದ, ಕುಟೀರ ಕುಸಿಯಿತು, ಅರ್ಥ ಮರೆತುಹೋಯಿತು, ಉಳಿದದ್ದು ಅಂಕಿತ. ಸ್ಟ್ಯಾಫರ್ಡ್‌ಷೈರಿನಲ್ಲಿಯೂ ಆರ್ಮಿಟೇಜ್ ಎಂಬ ಊರೊಂದುಂಟು. ಅಲ್ಲಿಯ ಪಿಂಗಾಣಿ ಕಾರ್ಖಾನೆಯ ದೆಸೆಯಿಂದ ಆ ಹೆಸರು ಬ್ರಿಟನ್ನಿನ ಅಸಂಖ್ಯ ಶೌಚಾಲಯಗಳ ಬಿಳಿಯ ಪಿಂಗಾಣಿಯ ಮೇಲೆ ಅಚ್ಚಾಗಿದೆ. ಸಾಧುವಿನ ಏಕಾಂತಕ್ಕೆ ಇದಕ್ಕಿಂತ ನಿಷ್ಠವಾದ ಸ್ಮಾರಕ ದೊರೆಯಲಾರದೆಂದು ತುಂಟ ವಿದ್ಯಾರ್ಥಿಯೊಬ್ಬ ಹೇಳಬಹುದು, ನಾನು ಹೇಳುವುದಿಲ್ಲ.

ಈ ಬಗೆಯ ಹೆಸರು ನಮಗೆ ಅಪರಿಚಿತವಲ್ಲ. ನನ್ನ ಹೆಸರಿನ ಮೊದಲಕ್ಷರವೂ ಒಂದು ಊರು. 1964ರಲ್ಲಿ ಲಿಂಗನಮಕ್ಕಿಯ ಅಣೆಕಟ್ಟು ಮುಗಿದು ಶರಾವತಿ ಹಿಂದಕ್ಕೆ ನಿಂತಾಗ ಆ ಊರು ನೀರಿನಡಿಗೆ ಹೋಯಿತು. ನಾನಾಗ ಮೂರು ನಾಲ್ಕು ವರ್ಷದ ಮಗು. ಮನೆಯಾಗಲಿ ಅಂಗಳವಾಗಲಿ ನನ್ನ ಕಣ್ಣಿನಲ್ಲಿ ಉಳಿದಿಲ್ಲ. ಉಳಿದಿರುವುದು ಸಹಿಯಲ್ಲಿ ಒಂದು ಅಕ್ಷರ, ಅದರ ಮುಂದೆ ಒಂದು ಚುಕ್ಕೆ. ನನ್ನ ಮೊಮ್ಮಕ್ಕಳ ಹೆಸರಿನಲ್ಲಿ ಆ ಚುಕ್ಕೆಯೂ ಇಲ್ಲ.

ಇನ್ನು ಕಾವ್ಯಕ್ಕೆ ಬರೋಣ. ಇದನ್ನು ಬರೆದವನು ಯಾರು ಎಂಬುದು ತಿಳಿಯದು. ಚಾಸರನ ಸಮಕಾಲೀನ, ನಮ್ಮ ಕುಮಾರವ್ಯಾಸನಿಗಿಂತ ತುಸು ಹಿಂದಿನವನು. ನುಡಿಯನ್ನು ನೋಡಿದರೆ ಚೆಷೈರ್–ಸ್ಟ್ಯಾಫರ್ಡ್‌ಷೈರ್ ಕಡೆಯವನು. ಇಷ್ಟೇ. ಮ್ಯಾಸಿ ಎಂಬ ಮನೆತನದವನೆಂದು ಕೆಲವು ವಿದ್ವಾಂಸರು ವಾದಿಸಿದರು, ವಾದ ನಿಲ್ಲಲಿಲ್ಲ. ‘ಕವಿರಾಜಮಾರ್ಗ’ದ ಕರ್ತೃ ನೃಪತುಂಗನೋ ಶ್ರೀವಿಜಯನೋ ಎಂದು ಹೋರಾಡಿದ ನಮಗೆ ಈ ಚಟ ಅರ್ಥವಾಗದ್ದೇನಲ್ಲ. ಕವಿಗೆ ಹೆಸರಿಲ್ಲವಷ್ಟೇ ಅಲ್ಲ, ಹಸ್ತಪ್ರತಿಯಲ್ಲಿ ಕಾವ್ಯಕ್ಕೂ ಹೆಸರಿಲ್ಲ. ಇಂದು ನಾವು ಬಳಸುವ ಶೀರ್ಷಿಕೆ 1839ರಲ್ಲಿ ಇದನ್ನು ಮೊದಲು ಸಂಪಾದಿಸಿದ ಫ್ರೆಡರಿಕ್ ಮ್ಯಾಡನ್ ಇಟ್ಟದ್ದು. ಇರುವುದು ಒಂದೇ ಒಂದು ಪ್ರತಿ. ಅದು ಸರ್ ರಾಬರ್ಟ್ ಕಾಟನ್ ಎಂಬ ಸಂಗ್ರಾಹಕನ ಭಂಡಾರದಲ್ಲಿತ್ತು. ಆತ ತನ್ನ ಕಪಾಟುಗಳ ನೆತ್ತಿಯ ಮೇಲೆ ರೋಮನ್ ಚಕ್ರವರ್ತಿಗಳ ಎದೆವಿಗ್ರಹಗಳನ್ನಿಟ್ಟು, ಆ ಚಕ್ರವರ್ತಿಗಳ ಹೆಸರಿನಲ್ಲೇ ಕಪಾಟುಗಳನ್ನು ಕರೆದ. ಈ ಪುಸ್ತಕವಿದ್ದದ್ದು ನೀರೋನ ಕೆಳಗೆ, ಮೊದಲ ಸಾಲಿನಲ್ಲಿ, ಹತ್ತನೆಯದಾಗಿ. ಆದ್ದರಿಂದ ಬ್ರಿಟಿಷ್ ಲೈಬ್ರರಿಯಲ್ಲಿ ಇಂದಿಗೂ ಅದರ ಅಧಿಕೃತ ಗುರುತು ‘ಕಾಟನ್ ನೀರೋ ಎ 10’. 1731ರಲ್ಲಿ ಆ ಭಂಡಾರಕ್ಕೆ ಬೆಂಕಿ ಬಿತ್ತು. ವಿಟೆಲಿಯಸನ ಕೆಳಗಿದ್ದ ‘ಬೇವುಲ್ಫ್’ ಅಂಚು ಸುಟ್ಟುಕೊಂಡಿತು. ರೋಮ್ ಉರಿಯುವಾಗ ಪಿಟೀಲು ಬಾರಿಸಿದನೆಂಬ ಕಟ್ಟುಕತೆಗೆ ಗುರಿಯಾದ ನೀರೋನ ಆಶ್ರಯದಲ್ಲಿದ್ದ ಈ ಕಾವ್ಯ ಸುರಕ್ಷಿತವಾಗಿ ಉಳಿಯಿತು.

ಕಾವ್ಯದ ಪದ್ಯರಚನೆಯ ಬಗ್ಗೆ ಎರಡು ಮಾತು ಹೇಳದಿದ್ದರೆ ಮುಂದಿನದು ಸ್ಪಷ್ಟವಾಗದು. ನಮ್ಮ ಹಳಗನ್ನಡ ಕವಿಗಳಿಗೆ ಪಾದದ ಎರಡನೆಯ ಅಕ್ಷರದ ಪ್ರಾಸ ಹೇಗೆ ಕಟ್ಟುಪಾಡೋ ಹಾಗೆ ಈ ಕವಿಗೆ ಮೊದಲ ಧ್ವನಿಯ ಅನುಪ್ರಾಸ ಕಟ್ಟುಪಾಡು. ಒಂದು ಸಾಲಿನಲ್ಲಿ ಒತ್ತು ಬೀಳುವ ಪದಗಳಲ್ಲಿ ಸಾಮಾನ್ಯವಾಗಿ ಮೂರಾದರೂ ಒಂದೇ ಧ್ವನಿಯಿಂದ ಆರಂಭವಾಗಬೇಕು. ಹೀಗಿರುವಾಗ ನಾಯಕನ ಹೆಸರು ಸಾಲಿನಲ್ಲಿ ಬಂದರೆ ಉಳಿದ ಪದಗಳೆಲ್ಲ ಗಕಾರದವೇ ಆಗಬೇಕಲ್ಲವೆ? ಕವಿ ಕಂಡುಕೊಂಡ ಉಪಾಯ ಸೊಗಸಾಗಿದೆ. ಗಕಾರದ ಸಾಲಿನಲ್ಲಿ ನಾಯಕ ‘ಗವೇಯ್ನ್’. ವಕಾರದ ಸಾಲು ಬಂದರೆ ಅವನೇ ‘ವವೇನ್’! ಇದು ಕವಿಯ ಸ್ವೇಚ್ಛೆಯಲ್ಲ. ಫ್ರಾನ್ಸಿನ ನಡುನಾಡಿನವರು ಗಕಾರ ನುಡಿಯುವಲ್ಲಿ ನಾರ್ಮಂಡಿಯವರು ವಕಾರ ನುಡಿಯುತ್ತಿದ್ದರು. ಇಂಗ್ಲಿಷ್ ಎರಡನ್ನೂ ಎರವಲು ಪಡೆದ ಕಾರಣ ‘ಗಾರ್ಡ್’, ‘ವಾರ್ಡ್’ ಎರಡೂ ಇವೆ. ‘ಗ್ಯಾರಂಟಿ’, ‘ವಾರಂಟಿ’ ಎರಡೂ ಇವೆ. ಫ್ರೆಂಚರ ಗಿಯೋಮ್ ಇಂಗ್ಲಿಷರ ವಿಲಿಯಂ. ನಮ್ಮಲ್ಲಿ ವರ್ಣ ಬಣ್ಣವಾಗಿ, ವೃಷಭ ಬಸವನಾದದ್ದನ್ನು ಬಲ್ಲವರಿಗೆ ಇದರ ಸವಿ ತಿಳಿಯುತ್ತದೆ. ವೇಲ್ಸಿನ ಹಳೆಯ ಕತೆಗಳಲ್ಲಿ ಇದೇ ವೀರ ಗ್ವಾಲ್ಕ್‌ಮೈ. ಆ ನುಡಿಯಲ್ಲಿ ‘ಗ್ವಾಲ್ಕ್’ ಎಂದರೆ ಗಿಡುಗ. ಇಂದಿನ ಓದುಗನಿಗಾದರೋ ಗವೇಯ್ನ್ ಒಂದೇ ರೂಪ. ವವೇನ್ ಎಂದರೆ ಯಾರೋ ಬೇರೆಯವನೆಂದು ತಿಳಿದಾನು. ಅನುಪ್ರಾಸವನ್ನು ಬಿಡಬಾರದೆಂದು ಹಟ ಹಿಡಿದ ಆರ್ಮಿಟೇಜರಿಗೆ ಆ ಒಂದು ಬಾಗಿಲು ಮುಚ್ಚಿಹೋಗಿತ್ತು. ಆದರೆ ಮೂಲದ ನುಡಿಯಲ್ಲಿ ತಮ್ಮ ಸೀಮೆಯ ಮಾತಿನ ದನಿಯನ್ನೇ ಅವರು ಕೇಳಬಲ್ಲವರಾಗಿದ್ದರು. ಲಂಡನ್ನಿನ ಶಿಷ್ಟ ಇಂಗ್ಲಿಷು ಮೂಲೆಗೊತ್ತಿದ ಉತ್ತರದ ನುಡಿಗೆ ಉತ್ತರದವರೊಬ್ಬರೇ ಬಾಯಾದದ್ದು ಉಚಿತವಾಯಿತು.

ಕತೆ ಸಂಗ್ರಹವಾಗಿ ಹೀಗಿದೆ. ಹೊಸ ವರ್ಷದ ದಿನ ಆರ್ಥರ್ ದೊರೆಯ ಓಲಗಕ್ಕೆ ಮೈ, ಕೂದಲು, ಕುದುರೆ ಎಲ್ಲವೂ ಹಸುರಾದ ದೈತ್ಯನೊಬ್ಬ ಬರುತ್ತಾನೆ. ‘ನನಗೊಂದು ಕೊಡಲಿಯೇಟು ಹಾಕಿ, ಒಂದು ವರ್ಷದ ಮೇಲೆ ಅದನ್ನು ಹಿಂದಿರುಗಿಸುತ್ತೇನೆ’ ಎಂಬುದು ಅವನ ಪಂಥ. ಗವೇಯ್ನ್ ಎದ್ದು ಅವನ ತಲೆ ಹಾರಿಸುತ್ತಾನೆ. ದೈತ್ಯ ತನ್ನ ತಲೆಯನ್ನು ತಾನೇ ಎತ್ತಿಕೊಂಡು, ಹಸುರು ಪ್ರಾರ್ಥನಾಲಯಕ್ಕೆ ಬಾ ಎಂದು ಹೇಳಿ ಹೋಗುತ್ತಾನೆ. ಆ ಪಂಥದ ಆರಂಭದಲ್ಲಿ ಅವನು ಕೇಳಿದ ಮೊದಲ ಪ್ರಶ್ನೆ ‘ನಿನ್ನ ಹೆಸರೇನು?’ ಎಂಬುದು. ಗವೇಯ್ನ್ ಹೇಳುತ್ತಾನೆ. ಇನ್ನೊಬ್ಬ ತನ್ನ ಹೆಸರನ್ನು ಹೇಳದೆ, ಜನ ತನ್ನನ್ನು ಹಸುರು ಪ್ರಾರ್ಥನಾಲಯದ ವೀರನೆಂದು ಬಲ್ಲರು ಎಂದಷ್ಟೇ ತಿಳಿಸುತ್ತಾನೆ. ಒಬ್ಬನು ಅಂಕಿತವನ್ನು ಒಪ್ಪಿಸಿದ. ಇನ್ನೊಬ್ಬನು ಅನ್ವರ್ಥವನ್ನು ಮಾತ್ರ ಕೊಟ್ಟ.

ಅಲ್ಲಿಂದ ಮುಂದೆ ಕಾವ್ಯವೆಲ್ಲ ಈ ಸಾಲದ ತೀರುವಳಿಯೇ. ಗವೇಯ್ನನ ಪ್ರಯಾಣದಲ್ಲಿ ಆಂಗಲ್‌ಸೀ, ಹೋಲಿಹೆಡ್, ವಿರಲ್ ಎಂದು ನಿಜವಾದ ಊರುಸೀಮೆಗಳ ಹೆಸರುಗಳು ಬರುತ್ತವೆ; ವಿರಲ್ ದಾಟಿದೊಡನೆ ಹೆಸರುಗಳು ನಿಲ್ಲುತ್ತವೆ, ಕಾಡು ಆರಂಭವಾಗುತ್ತದೆ. ಹೆಸರಿಲ್ಲದ ನೆಲದಲ್ಲಿ ಹೆಸರಿಲ್ಲದ ಕೋಟೆ, ಹೆಸರು ಹೇಳದ ಒಡೆಯ. ಅಲ್ಲಿ ಒಡತಿ ಏಕಾಂತದಲ್ಲಿ ಬಂದು ಅವನನ್ನು ಕೆಣಕುವ ಬಗೆಯೂ ವಿಶಿಷ್ಟವಾದದ್ದು. ನೀನು ಗವೇಯ್ನ್ ಎಂಬುದೇ ನನಗೆ ಅನುಮಾನ, ಗವೇಯ್ನನಾಗಿದ್ದರೆ ಒಂದು ಮುತ್ತನ್ನಾದರೂ ಬೇಡದೆ ಇರುತ್ತಿದ್ದನೆ ಎನ್ನುತ್ತಾಳೆ. ಅವನ ಪ್ರಾಣಕ್ಕಲ್ಲ, ಹೆಸರಿಗೇ ಅವಳು ಕೈಹಾಕಿದ್ದಾಳೆ. ಆತ ಶೀಲವನ್ನು ಉಳಿಸಿಕೊಂಡ. ಆದರೆ ಪ್ರಾಣ ಕಾಯುವುದೆಂದು ಅವಳು ಕೊಟ್ಟ ಹಸುರು ನಡುಪಟ್ಟಿಯನ್ನು ಬಚ್ಚಿಟ್ಟುಕೊಂಡ. ಕಡೆಗೆ ಕೊಡಲಿಯ ಕೆಳಗೆ ಕತ್ತು ಕೊಟ್ಟಾಗ ಭುಜ ಒಂದಿಷ್ಟು ಕುಗ್ಗಿತು. ಹಸುರು ವೀರ ಆಗ ಹೇಡಿಯೆಂದು ಬಯ್ಯುವುದಕ್ಕೆ ಮೊದಲು ಹೇಳುವುದು, ನೀನು ಗವೇಯ್ನನಲ್ಲ ಎಂದು. ಈ ಮಾತನ್ನು ಓದಿ ನಾನು ಪುಸ್ತಕ ಮುಚ್ಚಿ ಸ್ವಲ್ಪ ಹೊತ್ತು ಕುಳಿತೆ. ತಂದೆತಾಯಿ ಇಟ್ಟ ಅಂಕಿತನಾಮವನ್ನು ಮನುಷ್ಯ ತನ್ನ ನಡತೆಯಿಂದ ಅನ್ವರ್ಥವಾಗಿಸಬೇಕೆಂಬುದು ಎಂಥ ನಿರ್ದಯವಾದ ಬೇಡಿಕೆ! ಮೂರನೆಯ ಏಟು ಕತ್ತನ್ನು ಗೀರಿ ಬಿಡುತ್ತದೆ; ಬಚ್ಚಿಟ್ಟ ಪಟ್ಟಿಗೆ ಅಷ್ಟೇ ದಂಡ.

ಆಗ ಗವೇಯ್ನ್ ಕೇಳುತ್ತಾನೆ: ನಿನ್ನ ನಿಜವಾದ ಹೆಸರೇನು? ಎರಡು ಸಾವಿರದ ನಾನೂರಕ್ಕೂ ಹೆಚ್ಚು ಸಾಲುಗಳಾದ ಮೇಲೆ ಉತ್ತರ ದೊರೆಯುತ್ತದೆ: ಬರ್ಟಿಲಾಕ್ ದ ಹಾಟ್‌ಡೆಸರ್ಟ್. ಹಸ್ತಪ್ರತಿಯ ಲಿಪಿಯಲ್ಲಿ ‘ಸಿ’, ‘ಟಿ’ ಅಕ್ಷರಗಳು ಒಂದನ್ನೊಂದು ಹೋಲುವುದರಿಂದ ಬರ್ನ್‌ಲಾಕ್, ಬರ್ಸಿಲಾಕ್ ಎಂದೆಲ್ಲ ಓದಿದವರುಂಟು. ಅದಿರಲಿ, ನನಗೆ ಬೇಕಾದದ್ದು ಎರಡನೆಯ ಭಾಗ. ‘ಹಾಟ್’ ಎಂದರೆ ಫ್ರೆಂಚಿನಲ್ಲಿ ಎತ್ತರದ. ‘ಡೆಸರ್ಟ್’ ಎಂದರೆ ಬರಿಯ ಮರುಭೂಮಿಯಲ್ಲ. ಈಜಿಪ್ಟಿನ ಮರಳುಗಾಡಿನಲ್ಲಿ ತಪಸ್ಸು ಮಾಡಿದ ಆದಿ ಕ್ರೈಸ್ತ ಸಾಧುಗಳ ಮೇಲ್ಪಂಕ್ತಿಯಂತೆ ಐರ್ಲೆಂಡ್, ವೇಲ್ಸ್‌ಗಳಲ್ಲಿ ಸಾಧುವಿನ ಏಕಾಂತವಾಸಕ್ಕೆ ‘ಡಿಸರ್ಟ್’ ಎಂಬ ಹೆಸರು ನಿಂತಿತು. ಉತ್ತರ ವೇಲ್ಸಿನಲ್ಲಿ ಡಿಸರ್ತ್ ಎಂಬ ಊರು ಈಗಲೂ ಇದೆ. ಹೀಗಾಗಿ ಹಾಟ್‌ಡೆಸರ್ಟ್ ಎಂದರೆ ‘ಎತ್ತರದ ಕುಟೀರ’ವೆಂದು ವಿದ್ವಾಂಸರು ಅರ್ಥ ಮಾಡಿದ್ದಾರೆ. ಈಗ ಆರ್ಮಿಟೇಜಿನ ಮೂಲಕ್ಕೆ ಹಿಂದಿರುಗಿ. ಹರ್ಮಿಟ್ ಎಂಬುದರ ಬೇರು ಗ್ರೀಕಿನ ‘ಎರೇಮೋಸ್’. ಅದರ ಅರ್ಥ ಪಾಳುನೆಲ, ನಿರ್ಜನ, ಮರುಭೂಮಿ. ಒಂದು ಲ್ಯಾಟಿನ್ನಿನ ದಾರಿ, ಇನ್ನೊಂದು ಗ್ರೀಕಿನ ದಾರಿ. ಕವಿ ಕಡೆಯವರೆಗೆ ಬಚ್ಚಿಟ್ಟ ಹೆಸರೂ, ಆರುನೂರು ವರ್ಷಗಳ ಮೇಲೆ ಅದೇ ಕಾವ್ಯದ ಹೊದಿಕೆಯ ಮೇಲೆ ಬಂದು ಕುಳಿತ ಹೆಸರೂ ಒಂದೇ ಕುಟೀರದ ಬಾಗಿಲಿಗೆ ಮುಟ್ಟುತ್ತವೆ. ಇದು ಆಕಸ್ಮಿಕ, ಸಂದೇಹವಿಲ್ಲ. ಆಕಸ್ಮಿಕವೆಂದು ತಿಳಿದ ಮೇಲೂ ನನ್ನ ಸಂತೋಷ ಕಡಿಮೆಯಾಗಲಿಲ್ಲ.

ಅದೇ ಹಸ್ತಪ್ರತಿಯಲ್ಲಿ ‘ಪರ್ಲ್’, ಎಂದರೆ ಮುತ್ತು, ಎಂಬ ಇನ್ನೊಂದು ಕಾವ್ಯವಿದೆ; ಆರ್ಮಿಟೇಜ್ ಅದನ್ನೂ 2016ರಲ್ಲಿ ಹೊರತಂದರು. ತಂದೆಯೊಬ್ಬ ಎರಡು ವರ್ಷ ತುಂಬುವ ಮೊದಲೇ ತೀರಿಕೊಂಡ ಮಗಳಿಗಾಗಿ ತೋಟವೊಂದರಲ್ಲಿ ಅಳುತ್ತ ನಿದ್ರೆಹೋಗಿ, ಕನಸಿನಲ್ಲಿ ಹೊಳೆಯ ಆಚೆ ದಡದಲ್ಲಿ ಅವಳನ್ನು ಕಾಣುತ್ತಾನೆ. ಅವಳನ್ನು ಮುತ್ತೇ ಎಂದು ಕರೆಯುತ್ತಾನೆ, ಕಳೆದುಹೋದ ಮುತ್ತೆಂದು ಹಲುಬುತ್ತಾನೆ. ಮುತ್ತಿಗೆ ಗ್ರೀಕ್ ಲ್ಯಾಟಿನ್ನುಗಳಲ್ಲಿ ‘ಮಾರ್ಗರೀಟ’ ಎಂದು ಹೆಸರು. ಆದ್ದರಿಂದ ಆ ಮಗುವಿನ ಹೆಸರು ಮಾರ್ಗರೆಟ್ ಅಥವಾ ಮಾರ್ಜರಿ ಇದ್ದೀತೆಂದು ಊಹಿಸಿದವರಿದ್ದಾರೆ. 1,212 ಸಾಲುಗಳ ಆ ಕಾವ್ಯದಲ್ಲಿ ತಂದೆ ಆ ಹೆಸರನ್ನು ಒಮ್ಮೆಯೂ ಬಾಯಿಬಿಟ್ಟು ಹೇಳುವುದಿಲ್ಲ. ಆರ್ಮಿಟೇಜರೂ ಆ ಜಾಗವನ್ನು ಹಾಗೆಯೇ ಬರಿದಾಗಿ ಬಿಟ್ಟಿದ್ದಾರೆ.