ಗೂಡಿನ ಮಾರುಕಟ್ಟೆಯಲ್ಲಿ ಒಂದು ಕ್ಯಾಮೆರಾ

ರಾಮನಗರವೆಂದರೆ ಸಿನಿಮಾ ಮಂದಿಗೆ 1975ರ ‘ಶೋಲೆ’ಯ ಬಂಡೆಗಳು. ಅವಲೋಕನ ಶೈಲಿಯ ಸಾಕ್ಷ್ಯಚಿತ್ರಕಾರರ ಕಣ್ಣು ಹೋಗುವುದು ಊರಿನ ರೇಷ್ಮೆಗೂಡಿನ ಮಾರುಕಟ್ಟೆಗೆ: ಗೂಡು ಸುರಿಯುವ ರೈತ, ಅದನ್ನು ಕೈಗೆತ್ತಿಕೊಂಡು ಪರೀಕ್ಷಿಸುವ ರೀಲರ್ (ನೂಲು ತೆಗೆಯುವವ), ಹರಾಜಿನ ಕಾತರ.

ಈ ಶೈಲಿಯಲ್ಲಿ ನಟರಿಲ್ಲ, ‘ಇನ್ನೊಂದ್ಸಲ ಮಾಡಿ’ ಎನ್ನುವಂತಿಲ್ಲ; ತಾಳ್ಮೆಯಿಂದ ಕಾಯಬೇಕು. 1960ರ ಸುಮಾರಿಗೆ ಹಗುರ ಕ್ಯಾಮೆರಾ, ಹೆಗಲಿಗೇರುವ ಧ್ವನಿಯಂತ್ರ ಬಂದ ಮೇಲೆ ಇದು ಅಮೆರಿಕ, ಕೆನಡಾಗಳಲ್ಲಿ ಬೇರೂರಿತು.

ಕರ್ನಾಟಕದಲ್ಲಿ ಇದಕ್ಕೆ ಹತ್ತಿರದ ಕೆಲಸ ನಿಪ್ಪಾಣಿಯಲ್ಲಿ ನಡೆಯಿತು. ದೀಪಾ ಧನರಾಜ್, ನವರೋಜ್ ಕಾಂಟ್ರಾಕ್ಟರ್ ಮೊದಲಾದವರ ‘ಯುಗಾಂತರ್’ ತಂಡ ಅಲ್ಲಿನ ತಂಬಾಕು ಕಾರ್ಖಾನೆಗಳ ಹೆಣ್ಣುಮಕ್ಕಳ ಜೊತೆಗಿದ್ದು, ಅವರು ಸಂಘ ಕಟ್ಟಿದ ಕಥೆಯನ್ನು 1982ರಲ್ಲಿ ತೆರೆಗೆ ತಂದಿತು. ಚಿತ್ರ ರೂಪಿಸುವುದರಲ್ಲಿ ಕಾರ್ಮಿಕರಿಗೂ ಪಾಲಿತ್ತು.

ರಾಮನಗರದ ಸುತ್ತಮುತ್ತಲೂ ಚನ್ನಪಟ್ಟಣದ ಅರಗಿನ ಗೊಂಬೆಯ ಕಾರ್ಯಾಗಾರಗಳು, ಕನಕಪುರ–ಮಾಗಡಿಯ ಹಿಪ್ಪುನೇರಳೆ ತೋಟಗಳು ಇಂಥದೇ ತಾಳ್ಮೆ ಬೇಡುತ್ತವೆ. ಕೈಯಲ್ಲಿ ಮೊಬೈಲ್ ಹಿಡಿದ ಜಿಲ್ಲೆಯ ಯುವಜನರು ಅಲ್ಲಿಂದಲೇ ಶುರುಮಾಡಬಹುದು.