ಸೈಟು ಕೊಡಿಸಿದ ಕೆಂಬಾವುಟ, ಉಳಿಯದ ಮಿಲ್ಲು

ದಾವಣಗೆರೆಯಲ್ಲಿ ಲೆನಿನ್ ನಗರವಿದೆ, ಕಾರ್ಲ್ ಮಾರ್ಕ್ಸ್ ನಗರವೂ ಇದೆ. ಅಲ್ಲಿಯ ಜನ ರೇಷನ್ ಕಾರ್ಡಿನಲ್ಲಿ, ಲಗ್ನಪತ್ರಿಕೆಯಲ್ಲಿ, ಮಕ್ಕಳ ಶಾಲೆಯ ಅರ್ಜಿಯಲ್ಲಿ ಈ ಹೆಸರುಗಳನ್ನು ಸಹಜವಾಗಿ ಬರೆಯುತ್ತಾರೆ. ಮಧ್ಯ ಕರ್ನಾಟಕದ ಒಂದು ವ್ಯಾಪಾರಿ ಊರಿನ ವಿಳಾಸದಲ್ಲಿ ಜರ್ಮನಿಯ ಚಿಂತಕನೂ ರಷ್ಯಾದ ಕ್ರಾಂತಿಕಾರಿಯೂ ಹೇಗೆ ಸೇರಿಕೊಂಡರು ಎಂದು ಕೇಳಿದರೆ ಉತ್ತರ ಪುಸ್ತಕಗಳಲ್ಲಿ ಸಿಗುವುದಿಲ್ಲ. ಅದು ಈಗ ಬಾಗಿಲು ಹಾಕಿರುವ ಹತ್ತಿ ಮಿಲ್ಲುಗಳ ಗೇಟಿನ ಮುಂದೆ ಸಿಗುತ್ತದೆ. ಕಾರ್ಮಿಕರ ಪಕ್ಷವೊಂದು ಅಧಿಕಾರದ ಹತ್ತಿರಕ್ಕೆ ಹೇಗೆ ಬರುತ್ತದೆ, ಬಂದ ಮೇಲೆ ಅದರ ಕೈಗೆ ಏನು ಎಟಕುತ್ತದೆ, ಏನು ಎಟಕುವುದಿಲ್ಲ ಎಂಬುದಕ್ಕೆ ಕರ್ನಾಟಕದಲ್ಲಿ ಕೋಲಾರದ ಚಿನ್ನದ ಗಣಿಯನ್ನು ಬಿಟ್ಟರೆ ದಾವಣಗೆರೆಯಷ್ಟು ಸ್ಪಷ್ಟವಾದ ಉದಾಹರಣೆ ಇನ್ನೊಂದಿಲ್ಲ. ಇಲ್ಲಿ ಕೆಂಬಾವುಟ ಗೆದ್ದದ್ದು ಸಿದ್ಧಾಂತದ ಬಲದಿಂದಲ್ಲ. ದುಡಿಯುವ ಜಾಗವನ್ನೂ ವಾಸಿಸುವ ಮನೆಯನ್ನೂ ಅದು ಒಂದೇ ಹೋರಾಟವಾಗಿ ಕಂಡದ್ದರಿಂದ ಗೆದ್ದಿತು. ಹಿಂದೆ ಸರಿದದ್ದೂ ಜನ ಅದನ್ನು ತಿರಸ್ಕರಿಸಿದ್ದರಿಂದಲ್ಲ, ಅದನ್ನು ಬೆಳೆಸಿದ ದುಡಿಮೆಯ ಜಾಗವೇ ಇಲ್ಲವಾದದ್ದರಿಂದ. ಹಾಗೆ ಇಲ್ಲವಾಗುವುದನ್ನು ತಡೆಯುವ ಅಧಿಕಾರ ಆ ಪಕ್ಷಕ್ಕೆ ಎಂದೂ ಸಿಗಲಿಲ್ಲ.

ಸುತ್ತಲಿನ ಎರೆಭೂಮಿಯ ಹತ್ತಿ ದಾವಣಗೆರೆಯ ಪೇಟೆಗೆ ಬರುತ್ತಿತ್ತು, ಪುಣೆ–ಬೆಂಗಳೂರು ರೈಲುದಾರಿ ಊರಿನ ನಡುವೆಯೇ ಹಾದುಹೋಗಿತ್ತು. 1930ರ ದಶಕದಿಂದ ಮುಂದೆ ದಾವಣಗೆರೆ ಕಾಟನ್ ಮಿಲ್, ಶಂಕರ್, ಗಣೇಶರ್, ಆಂಜನೇಯ, ಚಂದ್ರೋದಯ, ಸಿದ್ಧೇಶ್ವರ, ತೋಳಹುಣಸೆ ಬಳಿಯ ಯಲ್ಲಮ್ಮ ಮಿಲ್ಲು ಎಂದು ಸಾಲುಸಾಲಾಗಿ ಮಿಲ್ಲುಗಳು ಎದ್ದವು. ಊರಿಗೆ ಕರ್ನಾಟಕದ ಮ್ಯಾಂಚೆಸ್ಟರ್ ಎಂಬ ಹೆಸರು ಬಂತು. ಮೊದಲನೆಯ ಮಿಲ್ಲಿನ ನೆನಪು ಡಿಸಿಎಂ ಟೌನ್‌ಶಿಪ್ ಎಂಬ ಬಡಾವಣೆಯ ಹೆಸರಿನಲ್ಲಿ ಈಗಲೂ ಉಳಿದಿದೆ. ಹತ್ತಿ ಮಿಲ್ಲು ಬಟ್ಟೆಯ ಜೊತೆಗೆ ಒಂದು ಬಗೆಯ ಸಮಾಜವನ್ನೂ ತಯಾರಿಸುತ್ತದೆ. ಮೂರು ಪಾಳಿಯ ದುಡಿಮೆ, ಒಂದೇ ಸೈರನ್ನಿಗೆ ಏಳುವ ನೂರಾರು ಮನೆಗಳು, ಕಾಯಂ ಆಗುವುದನ್ನೇ ಕಾಯುತ್ತಾ ವರ್ಷಗಟ್ಟಲೆ ಬದಲಿಯಾಗಿ ದುಡಿಯುವ ಹುಡುಗರು, ಹತ್ತಿಯ ದೂಳಿನಿಂದ ಹತ್ತುವ ಕೆಮ್ಮು, ದೀಪಾವಳಿ ಹತ್ತಿರ ಬಂದಾಗ ಏಳುವ ಬೋನಸ್ಸಿನ ಮಾತು, ಎಲ್ಲವೂ ಎಲ್ಲರಿಗೂ ಒಂದೇ. ಹಳ್ಳಿಯಲ್ಲಿ ಬೇರೆ ಬೇರೆ ಕೇರಿಗಳಲ್ಲಿ ಬೆಳೆದವರು ಸ್ಪಿನ್ನಿಂಗ್ ಖಾತೆಯಲ್ಲಿ ಅಕ್ಕಪಕ್ಕದ ಯಂತ್ರಗಳ ಮುಂದೆ ನಿಂತರು. ಕಮ್ಯುನಿಸ್ಟ್ ಪಕ್ಷದ (ಸಿಪಿಐ) ಜೊತೆಗಿದ್ದ ಕಾರ್ಮಿಕ ಒಕ್ಕೂಟ ಎಐಟಿಯುಸಿಗೆ ಸೇರಿದ ಮಿಲ್ ಕಾರ್ಮಿಕರ ಸಂಘ ಬೇರುಬಿಟ್ಟದ್ದು ಇಂಥ ನೆಲದಲ್ಲಿ. ಬೋನಸ್ಸು, ಇಎಸ್‌ಐ ಆಸ್ಪತ್ರೆಯ ಚೀಟಿ, ಭವಿಷ್ಯನಿಧಿ, ಬದಲಿಯವರಿಗೆ ಕಾಯಂ ಕೆಲಸ, ಇವು ಅದರ ಬೇಡಿಕೆಗಳು. ಕ್ರಾಂತಿಯ ಭಾಷಣ ಕೇಳದವನಿಗೂ ಈ ಬೇಡಿಕೆ ತನ್ನದು ಎನಿಸುತ್ತಿತ್ತು.

ಆದರೆ ಸಂಘ ಬಲವಾಗಿದ್ದ ಮಾತ್ರಕ್ಕೆ ಪಕ್ಷ ಚುನಾವಣೆ ಗೆಲ್ಲುವುದಿಲ್ಲ. ಗೇಟಿನ ಮುಂದೆ ಒಂದು ಬಾವುಟದ ಕೆಳಗೆ ನಿಂತವರು ಮತಗಟ್ಟೆಯಲ್ಲಿ ಇನ್ನೊಂದು ಗುರುತಿಗೆ ಮುದ್ರೆ ಒತ್ತಿದ್ದನ್ನು ಭಾರತದ ಎಷ್ಟೋ ಕೈಗಾರಿಕಾ ನಗರಗಳು ಕಂಡಿವೆ. ದಾವಣಗೆರೆಯ ಕಮ್ಯುನಿಸ್ಟರು ಈ ಕಂದಕವನ್ನು ದಾಟಿದ್ದು ಗೇಟಿನಿಂದ ಗುಡಿಸಲಿನವರೆಗೆ ಕಾರ್ಮಿಕನ ಹಿಂದೆಯೇ ನಡೆದು. ಹಳ್ಳಿ ಬಿಟ್ಟು ಬಂದವನಿಗೆ ಮಿಲ್ಲಿನಲ್ಲಿ ಕೆಲಸ ಸಿಕ್ಕರೂ ಊರಿನಲ್ಲಿ ನೆಲ ಸಿಗುತ್ತಿರಲಿಲ್ಲ. ಗುಡಿಸಲು ಹಾಕಿದರೆ ಎತ್ತಂಗಡಿಯ ಭಯ, ಬೀದಿ ನಲ್ಲಿಯ ಮುಂದೆ ಕೊಡಗಳ ಸಾಲು. ನಿವೇಶನ, ಹಕ್ಕುಪತ್ರ, ನೀರು, ಚರಂಡಿ ಸಂಘದ ಕಾರ್ಯಸೂಚಿಗೆ ಬಂದ ಮೇಲೆ ಮಿಲ್ಲಿನ ಒಳಗೆ ಕಾಲಿಡದ ಹಮಾಲರು, ಬೀಡಿ ಕಟ್ಟುವ ಹೆಂಗಸರು, ಕೂಲಿಯವರೂ ಆ ಬಾವುಟವನ್ನು ತಮ್ಮದೆಂದರು. ಲೆನಿನ್ ನಗರದಂಥ ಹೆಸರುಗಳ ಹಿಂದಿರುವುದು ಈ ಕಥೆ. ಮಿಲ್ ಕಾರ್ಮಿಕರ ನಾಯಕ ಪಂಪಾಪತಿಯವರನ್ನು ದಾವಣಗೆರೆ 1978, 1983 ಮತ್ತು 1985ರಲ್ಲಿ ಸಿಪಿಐ ಅಭ್ಯರ್ಥಿಯಾಗಿ ಮೂರು ಸಲ ವಿಧಾನಸಭೆಗೆ ಕಳಿಸಿತು. 1978ರಲ್ಲಿ ದೇವರಾಜ ಅರಸರ ನಾಯಕತ್ವದ ಇಂದಿರಾ ಕಾಂಗ್ರೆಸ್ 149 ಸ್ಥಾನ ಗೆದ್ದಿತ್ತು, ಇಡೀ ರಾಜ್ಯದಲ್ಲಿ ಸಿಪಿಐಗೆ ಸಿಕ್ಕದ್ದು 3. ಆ ಮೂರರಲ್ಲಿ ಒಂದು ದಾವಣಗೆರೆ. ದೊಡ್ಡ ವರ್ತಕರೂ ಮಿಲ್ ಮಾಲೀಕರೂ ಇದ್ದ ಊರಿನಲ್ಲಿ ಕಾರ್ಮಿಕ ನಾಯಕನೊಬ್ಬ ಮೂರು ಚುನಾವಣೆ ಸತತವಾಗಿ ಗೆಲ್ಲುವುದು ಅಲೆಯ ಆಟವಲ್ಲ. ಬೀದಿಬೀದಿಯಲ್ಲಿ ವರ್ಷಗಟ್ಟಲೆ ಮಾಡಿದ ಕೆಲಸದ ಫಲ ಅದು.

1983ರ ಲೆಕ್ಕವನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. 224 ಸ್ಥಾನಗಳಲ್ಲಿ ಜನತಾ ಪಕ್ಷ 95, ಕಾಂಗ್ರೆಸ್ 82, ಬಿಜೆಪಿ 18, ಸಿಪಿಐ ಮತ್ತು ಸಿಪಿಎಂ ತಲಾ 3 ಗೆದ್ದವು. ರಾಮಕೃಷ್ಣ ಹೆಗಡೆಯವರ ಸರ್ಕಾರ, ರಾಜ್ಯದ ಮೊದಲ ಕಾಂಗ್ರೆಸ್ಸೇತರ ಸರ್ಕಾರ, ಹೊರಗಿನವರ ಬೆಂಬಲದ ಮೇಲೆ ನಿಂತಿತು. ಬಿಜೆಪಿಯ 18 ಸೇರಿದರೆ ಸರಿಯಾಗಿ 113, ಅಂದರೆ ಬಹುಮತದ ಅಂಚು. ಎಡಪಕ್ಷಗಳ 6 ಮತಗಳಿಗೆ ಬೆಲೆ ಬಂದದ್ದು ಆ ಅಂಚಿನಲ್ಲಿ. ದಾವಣಗೆರೆಯ ಮಿಲ್ ಕಾರ್ಮಿಕರ ಮತವೂ ಹೀಗೆ ಒಂದು ಸರ್ಕಾರದ ಆಧಾರಗಳಲ್ಲಿ ಸೇರಿತು. ಕರ್ನಾಟಕದಲ್ಲಿ ಕಾರ್ಮಿಕರ ಪಕ್ಷವೊಂದು ಅಧಿಕಾರಕ್ಕೆ ಇದಕ್ಕಿಂತ ಹೆಚ್ಚು ಹತ್ತಿರ ಹೋದದ್ದು ಅಪರೂಪ. ಆದರೂ ಅದು ಹೊರಗಿನ ಬೆಂಬಲ. ಮಂತ್ರಿಗಿರಿ ಇಲ್ಲ, ಖಾತೆ ಇಲ್ಲ, ಕಾಯ್ದೆ ಬರೆಯುವ ಲೇಖನಿ ಇಲ್ಲ. ಬ್ರಿಟನ್ನಿನ ಲೇಬರ್ ಪಕ್ಷದ ಜೊತೆ ಇಟ್ಟು ನೋಡಿದರೆ ವ್ಯತ್ಯಾಸ ತಿಳಿಯುತ್ತದೆ. 1900ರಲ್ಲಿ ಕಾರ್ಮಿಕ ಸಂಘಗಳು ಕಟ್ಟಿದ ಆ ಪಕ್ಷ 1924ರಲ್ಲಿ ಮೊದಲ ಸಲ ಅಲ್ಪಮತದ ಸರ್ಕಾರ ಮಾಡಿತು, 1945ರಲ್ಲಿ ಭಾರಿ ಬಹುಮತ ಪಡೆಯಿತು, 1948ರಲ್ಲಿ ರಾಷ್ಟ್ರೀಯ ಆರೋಗ್ಯ ಸೇವೆಯನ್ನು ತಂದಿತು. ಗಣಿ, ಗಿರಣಿಗಳು ಕರಗಿದಾಗ 1995ರಲ್ಲಿ ತನ್ನ ಸಂವಿಧಾನದಿಂದ ಸಾರ್ವಜನಿಕ ಒಡೆತನದ ಗುರಿಯನ್ನೇ ತೆಗೆದುಹಾಕಿ ಮಧ್ಯಮವರ್ಗದ ಕಡೆ ಹೊರಳಿತು. ಆ ಹೊರಳು ಸರಿಯೋ ತಪ್ಪೋ ಎಂಬ ಚರ್ಚೆ ಅಲ್ಲಿ ಇನ್ನೂ ನಡೆದಿದೆ. ಹಾಗೆ ಬದಲಾಗುವಷ್ಟು ಕಾಲ, ಬದಲಾವಣೆಯನ್ನು ಕಾನೂನಾಗಿಸುವಷ್ಟು ಅಧಿಕಾರ ಆ ಪಕ್ಷಕ್ಕೆ ಇತ್ತು ಎಂಬುದಂತೂ ನಿಜ. ದಾವಣಗೆರೆಯ ಪಕ್ಷಕ್ಕೆ ಎರಡೂ ಇರಲಿಲ್ಲ.

ಪಕ್ಕದ ಹರಿಹರದ ಕಥೆಯೇ ಬೇರೆ. ದಾವಣಗೆರೆಯಿಂದ ಅರ್ಧ ಗಂಟೆಯ ದಾರಿ. 1941ರಲ್ಲಿ ಅಲ್ಲಿ ಶುರುವಾದ ಮೈಸೂರು ಕಿರ್ಲೋಸ್ಕರ್ ಕಾರ್ಖಾನೆಯ ಲೇಥ್‌ಗಳು ದೇಶದ ಮೂಲೆಮೂಲೆಯ ವರ್ಕ್‌ಶಾಪುಗಳಿಗೆ ಹೋದವು. 1970ರ ದಶಕದಲ್ಲಿ ಹೊಳೆಯಾಚೆ ಕುಮಾರಪಟ್ಟಣದಲ್ಲಿ ಹರಿಹರ ಪಾಲಿಫೈಬರ್ಸ್ ಬಂತು. ಕಾರ್ಮಿಕರಿಗೂ ಕೊರತೆಯಿಲ್ಲ, ಸಂಘಗಳಿಗೂ ಕೊರತೆಯಿಲ್ಲ. ಆದರೂ ದಾವಣಗೆರೆ ಮೂರು ಸಲ ಕೆಂಬಾವುಟವನ್ನು ಗೆಲ್ಲಿಸಿದಾಗ ಹರಿಹರ ಒಂದು ಸಲವೂ ಗೆಲ್ಲಿಸಲಿಲ್ಲ. ಕಿರ್ಲೋಸ್ಕರ್‌ನಲ್ಲಿ ಕಂಪನಿಯದೇ ಕ್ವಾರ್ಟರ್ಸ್, ಕಂಪನಿಯದೇ ಶಾಲೆ. ಮನೆಯ ಪ್ರಶ್ನೆಯನ್ನು ಮಾಲೀಕರೇ ಬಗೆಹರಿಸಿದಲ್ಲಿ ಸಂಘದ ಪಾಲಿಗೆ ಸಂಬಳದ ಮಾತಷ್ಟೇ ಉಳಿಯುತ್ತದೆ. ಪಾಲಿಫೈಬರ್ಸ್ ಕಾರ್ಮಿಕನ ಸ್ಥಿತಿ ಇನ್ನೂ ವಿಚಿತ್ರ. ಹರಿಹರದಲ್ಲಿ ಮನೆ ಮಾಡಿದವನು ಸೇತುವೆ ದಾಟಿ ರಾಣೆಬೆನ್ನೂರು ತಾಲ್ಲೂಕಿನಲ್ಲಿ ದುಡಿಯುತ್ತಾನೆ. ಆಗ ಹರಿಹರ ಚಿತ್ರದುರ್ಗ ಜಿಲ್ಲೆಯಲ್ಲಿತ್ತು, ಕುಮಾರಪಟ್ಟಣ ಧಾರವಾಡ ಜಿಲ್ಲೆಯಲ್ಲಿ. ದುಡಿಮೆ ಒಂದು ಕ್ಷೇತ್ರದಲ್ಲಿ, ಮತ ಇನ್ನೊಂದರಲ್ಲಿ. ತುಂಗಭದ್ರೆ ಆ ಕಾರ್ಮಿಕನನ್ನು ಎರಡಾಗಿ ಸೀಳಿತು. ಮನೆ ಮತ್ತು ದುಡಿಮೆ ಒಂದೇ ಊರಿನಲ್ಲಿ ಬೆರೆತಾಗ ಮಾತ್ರ ಸಂಘ ಪಕ್ಷವಾಗುತ್ತದೆ ಎಂಬ ನನ್ನ ವಾದಕ್ಕೆ ಹರಿಹರಕ್ಕಿಂತ ಒಳ್ಳೆಯ ಸಾಕ್ಷಿ ಬೇಕಿಲ್ಲ.

ಇಲ್ಲಿ ಒಂದು ಆಕ್ಷೇಪ ಬರುತ್ತದೆ, ದಾವಣಗೆರೆಯಲ್ಲಿ ಅದನ್ನು ಇವತ್ತಿಗೂ ಕೇಳಬಹುದು: ಮಿಲ್ಲು ಮುಚ್ಚಿಸಿದ್ದೇ ಕೆಂಬಾವುಟ, ಮುಷ್ಕರ ಮಾಡಿಮಾಡಿ ಅನ್ನದ ತಟ್ಟೆಗೇ ಕಲ್ಲು ಹಾಕಿಕೊಂಡರು. ಮುಷ್ಕರಗಳಿಂದ ನಷ್ಟವೇ ಆಗಲಿಲ್ಲ ಎಂದರೆ ಅದು ಸುಳ್ಳಾದೀತು. ಆದರೆ ಮುಷ್ಕರವೇ ಕಾರಣವಾಗಿದ್ದರೆ ಕಲಬುರಗಿಯ ಎಂ.ಎಸ್.ಕೆ. ಮಿಲ್ಲು, ಬೆಂಗಳೂರಿನ ಬಿನ್ನಿ ಮತ್ತು ಮಿನರ್ವ ಮಿಲ್ಲುಗಳು ಉಳಿಯಬೇಕಿತ್ತು. ಅಲ್ಲಿ ಮಾಲೀಕರು ಬೇರೆ, ಸಂಘಗಳು ಬೇರೆ, ಪರಿಸ್ಥಿತಿ ಬೇರೆ, ಕೊನೆ ಮಾತ್ರ ಒಂದೇ. ತೋಳಹುಣಸೆಯ ಯಲ್ಲಮ್ಮ ಮಿಲ್ಲು 1974ರ ರಾಷ್ಟ್ರೀಕರಣ ಕಾಯ್ದೆಯ ಪಟ್ಟಿಯಲ್ಲಿ ಸೇರಿ ಕೇಂದ್ರ ಸರ್ಕಾರದ್ದೇ ಆಯಿತು. ಸರ್ಕಾರದ ಒಡೆತನವೂ ಅದನ್ನು ಉಳಿಸಲಿಲ್ಲ. ಹರಿಹರದಲ್ಲಿ ಕಮ್ಯುನಿಸ್ಟ್ ಶಾಸಕ ಇರದಿದ್ದರೂ ಕಿರ್ಲೋಸ್ಕರ್ ಕಾರ್ಖಾನೆ ಈ ಶತಮಾನದ ಆರಂಭದ ಹೊತ್ತಿಗೆ ನಿಂತುಹೋಯಿತು. ನಿಜವಾದ ಕಾರಣಗಳು ಗೇಟಿನ ಹೊರಗಿದ್ದವು. ಮಾಲೀಕರು ಹಳೆಯ ಯಂತ್ರಗಳನ್ನು ಬದಲಿಸಲಿಲ್ಲ. ಇಎಸ್‌ಐ, ಭವಿಷ್ಯನಿಧಿಗಳ ಹೊರೆಯಿಲ್ಲದ ವಿದ್ಯುತ್ ಮಗ್ಗಗಳು ಕಡಿಮೆ ಬೆಲೆಗೆ ಬಟ್ಟೆ ಕೊಟ್ಟವು. ಪಾಲಿಯೆಸ್ಟರ್ ಬಂದು ಒರಟು ಹತ್ತಿ ಬಟ್ಟೆಯ ಮಾರುಕಟ್ಟೆಯನ್ನು ನುಂಗಿತು. 1985ರ ಕೇಂದ್ರ ಜವಳಿ ನೀತಿ ಮಿಲ್ಲು ಮತ್ತು ವಿದ್ಯುತ್ ಮಗ್ಗಗಳನ್ನು ಸರಿಸಮವಾಗಿ ಪೈಪೋಟಿಗೆ ಬಿಟ್ಟಿತು, ಚೇತರಿಸಿಕೊಳ್ಳಲಾರದ ಮಿಲ್ಲು ಮುಚ್ಚಬಹುದು ಎಂದಿತು. ನಲ್ಲಿ ಹಾಕಿಸಲು, ಸೈಟು ಹಂಚಿಸಲು ನಗರಸಭೆಯ ಕುರ್ಚಿಯೂ ಶಾಸಕನ ಕುರ್ಚಿಯೂ ಸಾಕಾಗಿದ್ದವು. ದೆಹಲಿಯಲ್ಲಿ ತಯಾರಾದ ನೀತಿಯ ಮುಂದೆ ಅವಕ್ಕೆ ಬಲವಿರಲಿಲ್ಲ.

ಎರಡನೆಯ ಆಕ್ಷೇಪ ಜಾತಿ ಮತ್ತು ಹಣದ್ದು. 1989ರಲ್ಲಿ ಕಾಂಗ್ರೆಸ್ ರಾಜ್ಯದಲ್ಲಿ 178 ಸ್ಥಾನ ಗೆದ್ದಾಗ ದಾವಣಗೆರೆಯೂ ಅದರ ಪಾಲಾಯಿತು. 1994ರಲ್ಲಿ ಬಾಪೂಜಿ ವಿದ್ಯಾಸಂಸ್ಥೆಯ ಶಾಮನೂರು ಶಿವಶಂಕರಪ್ಪನವರು ಶಾಸಕರಾದರು. ಅಲ್ಲಿಂದ ಊರಿನ ರಾಜಕೀಯ ಸಮುದಾಯದ ಬಲ ಮತ್ತು ಸಂಸ್ಥೆಗಳ ಬಲದ ಮೇಲೆ ನಡೆಯಿತು ಎನ್ನುವವರಿದ್ದಾರೆ. ಇದರಲ್ಲಿ ಅರ್ಧ ಸತ್ಯವಿದೆ. 1965ರ ಜೆಜೆಎಂ ವೈದ್ಯಕೀಯ ಕಾಲೇಜು, 1979ರ ಬಿಐಇಟಿ ಇಂಜಿನಿಯರಿಂಗ್ ಕಾಲೇಜುಗಳಿಂದ ದಾವಣಗೆರೆ ಮಿಲ್ಲಿನ ಊರಿನಿಂದ ವಿದ್ಯೆಯ ಊರಾಯಿತು, ಬದುಕಿನ ದಾರಿಗಳೂ ಬದಲಾದವು. ಆದರೆ 1978ರಲ್ಲಿ ಜಾತಿ ಇರಲಿಲ್ಲವೇ, ಹಣವಂತರು ಇರಲಿಲ್ಲವೇ? ಇದ್ದರು. ಅವುಗಳಿಗೆ ಎದುರಾಗಿ ನಿಲ್ಲುವ ಇನ್ನೊಂದು ನಂಟು, ಒಂದೇ ಪಾಳಿಯಲ್ಲಿ ದುಡಿದವರ ನಂಟು, ಆಗ ಗಟ್ಟಿಯಾಗಿತ್ತು. ಮಿಲ್ಲು ಮುಚ್ಚಿದಾಗ ಆ ನಂಟು ಸಡಿಲಾಯಿತು. ಸಡಿಲಾದ ಜಾಗಕ್ಕೆ ಹಳೆಯ ನಂಟುಗಳು ಬಂದು ಕೂತವು.

ಪಕ್ಷದ ತಪ್ಪನ್ನೂ ಇಲ್ಲಿ ಹೇಳಲೇಬೇಕು. ಮಿಲ್ಲಿನಿಂದ ಹೊರಬಿದ್ದವರು ದುಡಿಮೆ ಬಿಡಲಿಲ್ಲ, ಚದುರಿದರು ಅಷ್ಟೆ. ಎಪಿಎಂಸಿಯಲ್ಲಿ ಮೆಕ್ಕೆಜೋಳದ ಮೂಟೆ ಹೊತ್ತರು, ಆಟೋ ಓಡಿಸಿದರು, ಕಟ್ಟಡದ ಕೆಲಸಕ್ಕೆ ಹೋದರು. ಇನ್ನೊಂದು ಕಡೆ ಮಂಡಕ್ಕಿ ಭಟ್ಟಿಗಳಲ್ಲಿ ಮನೆಮಂದಿಯೆಲ್ಲ ಬೆಂಕಿಯ ಮುಂದೆ ನಿಂತು, ಕಾದ ಮರಳಿನಲ್ಲಿ ಅಕ್ಕಿ ಹುರಿಯುವ ದುಡಿಮೆ. ಅಲ್ಲಿ ಸೈರನ್ನಿಲ್ಲ, ಹಾಜರಿ ಪುಸ್ತಕವಿಲ್ಲ, ಬೋನಸ್ಸಿಲ್ಲ. ಎಷ್ಟೋ ಕಡೆ ಭಟ್ಟಿ ನಡೆಸುವವನೂ ಅಲ್ಲಿ ದುಡಿಯುವವನಷ್ಟೇ ಬಡವ. ಗೇಟಿನ ಮುಂದೆ ಸಾವಿರ ಜನರನ್ನು ಸೇರಿಸಲು ಕಲಿತ ಸಂಘಕ್ಕೆ ಐದೈದು ಜನರಿರುವ ನೂರಾರು ಭಟ್ಟಿಗಳನ್ನು ಸಂಘಟಿಸುವ ವಿದ್ಯೆ ಬೇಕಿತ್ತು. ಅದನ್ನು ಅದು ತಡವಾಗಿ, ಅರ್ಧಂಬರ್ಧ ಕಲಿಯಿತು. 1957ರಲ್ಲಿ ಇ.ಎಂ.ಎಸ್. ನಂಬೂದಿರಿಪಾಡರ ಕಮ್ಯುನಿಸ್ಟ್ ಸರ್ಕಾರವನ್ನು ಕಂಡ ಕೇರಳದಲ್ಲಿ ಚದುರಿದ ದುಡಿಮೆಗೂ ಕಾನೂನು ಬಂತು. ಸೇಂದಿ ಇಳಿಸುವವರಿಗೆ 1969ರಲ್ಲಿ ಕಲ್ಯಾಣ ನಿಧಿ, ತಲೆಹೊರೆ ಕಾರ್ಮಿಕರಿಗೆ 1978ರ ಕಾಯ್ದೆ ಬಂದವು, ಮಂಡಳಿಗಳಾದವು. ಮೂಟೆ ಹೊರುವವನ ಕೂಲಿಯೂ ಒಂದು ಕಾಯ್ದೆಯ ಕೆಳಗೆ ಬಂತು. ದಾವಣಗೆರೆಯ ಹಮಾಲನಿಗೆ ಅದೇ ಕಾಲದಲ್ಲಿ ತನ್ನವನಾದ ಒಬ್ಬ ಶಾಸಕ ಸಿಕ್ಕಿದ, ಅಂಥ ಕಾಯ್ದೆ ಸಿಗಲಿಲ್ಲ. ಸರ್ಕಾರದಲ್ಲಿರುವುದಕ್ಕೂ ಸರ್ಕಾರದ ಹೊರಗೆ ನಿಂತು ಕೈ ಎತ್ತುವುದಕ್ಕೂ ಇರುವ ಅಂತರ ಇಷ್ಟು.

ಹಾಗಾದರೆ ಕಾರ್ಮಿಕ ರಾಜಕೀಯದ ಕಾಲ ಮುಗಿಯಿತೇ? ಮುಗಿದಿಲ್ಲ, ಆದರೆ ಅದರ ಮುಖ ಬದಲಾಗಿದೆ. ಇವತ್ತು ಜಿಲ್ಲಾಧಿಕಾರಿ ಕಚೇರಿಯ ಮುಂದೆ ಕೆಂಬಾವುಟ ಹಿಡಿದು ಕೂರುವವರಲ್ಲಿ ಬಿಸಿಯೂಟ ಬೇಯಿಸುವ, ಅಂಗನವಾಡಿ ನಡೆಸುವ ಹೆಂಗಸರು ಬಹಳ. ಅವರ ದುಡಿಮೆಗೆ ಸರ್ಕಾರ ಕೊಡುವುದು ಸಂಬಳವಲ್ಲ, ಗೌರವಧನ. ಆ ಒಂದು ಶಬ್ದದಿಂದ ಅವರು ಕಾರ್ಮಿಕರಲ್ಲ ಎಂದಾಗುತ್ತದೆ. ಕಾರ್ಖಾನೆಯ ಕಾರ್ಮಿಕನ ನೆಲವೂ ಕುಗ್ಗುತ್ತಿದೆ. ನೂರು ಜನ ದುಡಿಯುವ ಕಾರ್ಖಾನೆಯನ್ನು ಮುಚ್ಚಲು ಸರ್ಕಾರದ ಅನುಮತಿ ಬೇಕು ಎಂಬ ನಿಯಮದ ಮಿತಿ, 2025ರ ನವೆಂಬರ್ 21ರಂದು ಜಾರಿಗೆ ಬಂದ ಹೊಸ ಕಾರ್ಮಿಕ ಸಂಹಿತೆಯಲ್ಲಿ ಮುನ್ನೂರಕ್ಕೆ ಏರಿದೆ. ಹಳೆಯ ಮಿಲ್ಲುಗಳನ್ನು ಆ ನಿಯಮ ಉಳಿಸಲಿಲ್ಲ ನಿಜ. ಆದರೆ ಮುಚ್ಚುವ ಮೊದಲು ಕಾರ್ಮಿಕನ ಮಾತನ್ನು ಒಬ್ಬ ಅಧಿಕಾರಿ ಕೇಳಲೇಬೇಕಾಗಿತ್ತು. ಸಣ್ಣ ಕಾರ್ಖಾನೆಗಳೇ ತುಂಬಿರುವ ನಮ್ಮಂಥ ಊರುಗಳಲ್ಲಿ ಇನ್ನು ಆ ಕಟ್ಟಳೆಯೂ ಇಲ್ಲ.

ಆದ್ದರಿಂದ ದಾವಣಗೆರೆ, ಹರಿಹರದ ಓದುಗರಲ್ಲಿ ಒಂದು ವಿನಂತಿ. ರಾಜ್ಯದ ಅಸಂಘಟಿತ ಕಾರ್ಮಿಕರ ಸಾಮಾಜಿಕ ಭದ್ರತಾ ಮಂಡಳಿಯ ಅಂಬೇಡ್ಕರ್ ಕಾರ್ಮಿಕ ಸಹಾಯ ಹಸ್ತ ಯೋಜನೆಯಲ್ಲಿ ಹಮಾಲರು, ಟೈಲರ್‌ಗಳು, ಮೆಕ್ಯಾನಿಕ್‌ಗಳು, ಮನೆಗೆಲಸದವರ ಜೊತೆಗೆ ಭಟ್ಟಿ ಕಾರ್ಮಿಕರಿಗೂ ಜಾಗವಿದೆ. ನಿಮ್ಮ ಬೀದಿಯಲ್ಲಿ ಮೂಟೆ ಹೊರುವವರನ್ನು, ಮಂಡಕ್ಕಿ ಹುರಿಯುವವರನ್ನು ಒಂದು ಸಲ ವಿಚಾರಿಸಿ. ಅವರ ಹೆಸರು ನೋಂದಣಿಯಾಗದಿದ್ದರೆ ಕಾರ್ಮಿಕ ಇಲಾಖೆಯ ಕಚೇರಿಗೆ ಜೊತೆಯಲ್ಲಿ ಹೋಗಿ ಅರ್ಜಿ ಕೊಡಿಸಿ.